ಮೋಲ್ಡ್ ಫ್ಲೋ ಸಾಫ್ಟ್‌ವೇರಲ್ಲಿ ಎಲ್ಲಾ ಹೊಸ ಫೀಚರ್ ಆನ್ ಮಾಡಿದ್ರೆ ಪ್ರೆಶರ್ 118 ಎಂಪಿಎ, ಆಫ್ ಮಾಡಿದ್ರೆ 61, ಮಷೀನ್ ತೋರಿಸ್ತಿರೋದು 92

ಮೆಶ್‌ಮನೆ:

ನಮಸ್ಕಾರ. ನಾಲ್ಕು ವರ್ಷದಿಂದ ಒಂದೇ ಹಳೇ ವರ್ಷನ್ ಇಟ್ಕೊಂಡು ಮೋಲ್ಡ್ ಫ್ಲೋ ಅನಾಲಿಸಿಸ್ (ಕರಗಿದ ಪ್ಲಾಸ್ಟಿಕ್ ಡೈಯೊಳಗೆ ಹೇಗೆ ತುಂಬುತ್ತೆ ಅಂತ ಕಂಪ್ಯೂಟರಲ್ಲಿ ಲೆಕ್ಕ ಹಾಕೋದು) ಮಾಡ್ತಾ ಬಂದವನು ನಾನು. ಹೋದ ತಿಂಗಳು ಅಪ್‌ಗ್ರೇಡ್ ಆಯ್ತು. ತೆರೆದು ನೋಡಿದ್ರೆ ಹಿಂದೆ ಕಂಡಿರದ ಟಿಕ್ ಬಾಕ್ಸ್‌ಗಳ ಸಾಲು ಸಾಲು. ವೆಂಟಿಂಗ್ ಅನಾಲಿಸಿಸ್, ಮಷೀನ್ ರೆಸ್ಪಾನ್ಸ್ (ಸ್ಕ್ರೂ ನಿಜವಾಗಿ ಹೇಗೆ ವೇಗ ಹಿಡಿಯುತ್ತೆ), ಬ್ಯಾರೆಲ್ ಒಳಗಿನ ಮೆಲ್ಟ್ ಕಂಪ್ರೆಶನ್, ಟ್ರಾನ್ಸಿಯೆಂಟ್ ಕೂಲಿಂಗ್ (ಮೋಲ್ಡ್ ತಾಪ ಕ್ಷಣ ಕ್ಷಣಕ್ಕೆ ಹೇಗೆ ಬದಲಾಗುತ್ತೆ), ಗ್ಲಾಸ್ ಎಳೆ ಯಾವ ದಿಕ್ಕಿಗೆ ಮಲಗುತ್ತೆ ಅಂತ ಹೇಳೋ ಫೈಬರ್ ಓರಿಯಂಟೇಶನ್‌ಗೆ ನಾಲ್ಕು ಥರದ ಮಾಡೆಲ್, ಜಿಪಿಯು ಸಾಲ್ವರ್. ಗೇಟ್ (ಪಾರ್ಟಿನೊಳಗೆ ಮಾಲು ನುಗ್ಗೋ ಬಾಯಿ) ಎಲ್ಲಿಡಬೇಕು ಅಂತ ತಾನೇ ಹೇಳೋ ಎಐ ಬೇರೆ.

ಹೊಸ ಆಟಿಕೆ ಸಿಕ್ಕ ಮಗುವಿನ ಥರ ಎಲ್ಲಾ ಟಿಕ್ ಹಾಕಿ ರನ್ ಬಿಟ್ಟೆ. ಅಲ್ಲಿಂದ ಶುರು ನೋಡಿ ತಲೆನೋವು.

ಪಾರ್ಟ್ ಒಂದು ಪಂಪಿನ ಮುಚ್ಚಳ. ನೈಲಾನ್ 66, 30% ಗ್ಲಾಸ್. ಗೋಡೆ ದಪ್ಪ 2.5 ಮಿ.ಮೀ., ಒಳಗೆ ಎಂಟು ರಿಬ್ (ಬಲಕ್ಕೆ ಕೊಟ್ಟ ತೆಳ್ಳನೆ ಪಟ್ಟಿ). ನಾಲ್ಕು ಕ್ಯಾವಿಟಿ (ಒಂದು ಶಾಟಿಗೆ ನಾಲ್ಕು ಪಾರ್ಟ್), ಕೋಲ್ಡ್ ರನ್ನರ್ (ಗೇಟಿಗೆ ಮಾಲು ತರೋ ದಾರಿ), ಎಡ್ಜ್ ಗೇಟ್. ಮೆಲ್ಟ್ 290 ಡಿಗ್ರಿ, ಮೋಲ್ಡ್ 85 ಡಿಗ್ರಿ. ಒಟ್ಟು ಶಾಟ್ ಹತ್ತಿರ ಹತ್ತಿರ 126 ಸಿಸಿ, ಸ್ಕ್ರೂ 45 ಮಿ.ಮೀ. ಡೈ ಆಗಲೇ ಮಷೀನ್ ಮೇಲಿದೆ, ಎರಡು ಟ್ರಯಲ್ ಆಗಿದೆ. ಒಂದು ರಿಬ್ಬಿನ ತುದಿಯಲ್ಲಿ ಕರಕಲು ಬರ್ತಿದೆ. ಅದರ ಕಾರಣ ಹುಡುಕೋಕೆ ಅಂತಲೇ ಹೊಸ ವರ್ಷನ್‌ನಲ್ಲಿ ಮತ್ತೆ ಓಡಿಸಿದ್ದು.

ಹೊಸ ಫೀಚರ್ ಎಲ್ಲಾ ಆಫ್ ಇಟ್ಟು ಹಳೇ ಥರ ಓಡಿಸಿದ್ರೆ ವಿ/ಪಿ ಸ್ವಿಚ್‌ಓವರ್ (ಸ್ಪೀಡ್ ಹಿಡಿದು ತುಂಬೋದರಿಂದ ಪ್ರೆಶರ್ ಹಿಡಿದು ಒತ್ತೋದಕ್ಕೆ ಬದಲಾಗೋ ಕ್ಷಣ) ಹೊತ್ತಿಗೆ ಪ್ರೆಶರ್ 61 ಎಂಪಿಎ. 50 ನಿಮಿಷದಲ್ಲಿ ಮುಗಿಯುತ್ತೆ. ಎಲ್ಲಾ ಆನ್ ಮಾಡಿದ್ರೆ ರಾತ್ರಿಯೆಲ್ಲಾ ಓಡಿ ಬೆಳಿಗ್ಗೆ 118 ಎಂಪಿಎ ತೋರಿಸ್ತು, ಅದರ ಮೇಲೆ ಎರಡು ಮೂಲೆ ಶಾರ್ಟ್ (ತುಂಬದೇ ಉಳಿದಿದ್ದು). ಮಷೀನಿನಲ್ಲಿ ನಿಜವಾಗಿ ಬರ್ತಿರೋದು 92. ಪಾರ್ಟ್ ಪೂರ್ತಿ ತುಂಬುತ್ತೆ, ಶಾರ್ಟ್ ಇಲ್ಲ.

ನಮ್ಮ ಮ್ಯಾನೇಜರ್ ಎರಡನ್ನೂ ನೋಡಿ "ಕೂಡಿ ಎರಡರಿಂದ ಭಾಗಿಸು, 89.5 ಬರುತ್ತೆ, ಹತ್ತಿರಾನೇ ಇದೆಯಲ್ಲ" ಅಂದ್ರು. ತಮಾಷೆಗೋ ನಿಜಕ್ಕೋ ಇವತ್ತಿಗೂ ಗೊತ್ತಾಗಿಲ್ಲ.

ಈ ಫೀಚರ್‌ಗಳಲ್ಲಿ ಯಾವುದು ಆನ್ ಇರಬೇಕು, ಯಾವುದು ಬೇಡ? ಅನುಭವ ಇದ್ದವರು ಹೇಳಿ. ಕಂಪನಿಯವರ ಡೆಮೊದಲ್ಲಿ ಎಲ್ಲವೂ ಗೆರೆ ಮೇಲೆ ಗೆರೆ ಕೂತಿತ್ತು.


ಟೂಲ್‌ರೂಮ್_ಹಳಬ:

ಮೊದಲು ಒಂದು ಪ್ರಶ್ನೆಗೆ ಉತ್ತರ ಕೊಡಿ. ಆ 92 ಎಂಬುದು ಏನು? ಹೈಡ್ರಾಲಿಕ್ ಎಣ್ಣೆಯ ಪ್ರೆಶರೋ, ಸ್ಕ್ರೂ ಮುಂದಿನ ಪ್ಲಾಸ್ಟಿಕ್ ಪ್ರೆಶರೋ? ಎಷ್ಟೋ ಜನ ಮಷೀನ್ ಪರದೆಯ ಬಾರ್ ಅನ್ನು ಹಾಗೇ ಬರೆದುಕೊಂಡು ಬಂದು ಸಾಫ್ಟ್‌ವೇರ್‌ಗೆ ಬೈಯುತ್ತಾರೆ. ಎಣ್ಣೆ ಪ್ರೆಶರ್ ಆಗಿದ್ದರೆ ಆ ಮಷೀನಿನ ಇಂಟೆನ್ಸಿಫಿಕೇಶನ್ ರೇಶಿಯೋದಿಂದ (ಎಣ್ಣೆ ಪ್ರೆಶರ್‌ನ ಎಷ್ಟು ಪಟ್ಟು ಪ್ಲಾಸ್ಟಿಕ್ ಮೇಲೆ ಬೀಳುತ್ತದೆ ಎಂಬ ಅನುಪಾತ) ಗುಣಿಸಬೇಕು. ಸ್ಕ್ರೂ ಬದಲಾಯಿಸಿದ್ದರೆ ರೇಶಿಯೋ ಕೂಡ ಬದಲಾಗುತ್ತದೆ.

ಈಗ ನಿಮ್ಮ 118ರ ವಿಷಯ. ನಾನು ಪಂದ್ಯ ಕಟ್ಟುತ್ತೇನೆ: ವೆಂಟಿಂಗ್ ಟಿಕ್ ಹಾಕಿದ್ದೀರಿ, ಮಾಡೆಲ್‌ನಲ್ಲಿ ವೆಂಟ್ (ಗಾಳಿ ಹೊರಹೋಗುವ ಸಂದು) ಎಲ್ಲೆಲ್ಲಿ ಇದೆ ಎಂದು ಗುರುತಿಸಿಲ್ಲ. ಹೌದು ತಾನೆ?

ಹಳೆಯ ಲೆಕ್ಕದಲ್ಲಿ ಗಾಳಿ ಎಂಬುದೇ ಇಲ್ಲ. ಪ್ಲಾಸ್ಟಿಕ್ ಬಂದ ಕಡೆ ಗಾಳಿ ತಾನಾಗಿ ಮಾಯ. ಎರಡು ಕಡೆಯ ಫ್ರಂಟ್ (ಹರಿಯುವ ಪ್ಲಾಸ್ಟಿಕ್ಕಿನ ಮುಂದಿನ ಅಂಚು) ಸೇರುವಲ್ಲಿ "ಏರ್ ಟ್ರ್ಯಾಪ್" ಅಂತ ಒಂದು ಚುಕ್ಕೆ ಇಟ್ಟು ಕೈತೊಳೆದುಕೊಳ್ಳುತ್ತಿತ್ತು. ವೆಂಟಿಂಗ್ ಆನ್ ಮಾಡಿದ ತಕ್ಷಣ ಗಾಳಿ ನಿಜವಾದ ಗಾಳಿ ಆಗುತ್ತದೆ, ಹೊರಹೋಗಲು ದಾರಿ ಕೇಳುತ್ತದೆ. ನೀವು ದಾರಿ ಕೊಡದಿದ್ದರೆ ಪಾರ್ಟಿಂಗ್ ಲೈನ್ (ಡೈಯ ಎರಡು ಅರ್ಧ ಸೇರುವ ಗೆರೆ), ಎಜೆಕ್ಟರ್ ಪಿನ್ ಸಂದು, ಇನ್ಸರ್ಟ್ (ಡೈಗೆ ಬೇರೆಯಾಗಿ ಕೂರಿಸಿದ ತುಂಡು) ಸಂದು ಎಲ್ಲವನ್ನೂ ಬೆಸುಗೆ ಹಾಕಿ ಮುಚ್ಚಿದ ಡೈ ಎಂದೇ ಅದು ತಿಳಿದುಕೊಳ್ಳುತ್ತದೆ. ಸಿಕ್ಕಿಬಿದ್ದ ಗಾಳಿಯನ್ನು ಅದರ ಜಾಗದ ನೂರನೇ ಒಂದು ಪಾಲಿಗೆ ಒತ್ತಿದರೆ, ಶಾಖ ಹೊರಗೆ ಹೋಗಲಿಲ್ಲ ಅಂತಿಟ್ಟುಕೊಂಡರೆ, ಪ್ರೆಶರ್ ಸುಮಾರು 630 ಪಟ್ಟು ಏರುತ್ತದೆ. ಅಂದರೆ 63 ಎಂಪಿಎ. ಆ ಗಾಳಿ ನಿಮ್ಮ ಫ್ರಂಟ್‌ಗೆ ಎದುರು ನಿಂತು ತಳ್ಳುತ್ತಿದೆ. 118 ಬಂದದ್ದರಲ್ಲಿ ಆಶ್ಚರ್ಯವೇನೂ ಇಲ್ಲ, ಶಾರ್ಟ್ ಬಂದದ್ದರಲ್ಲೂ ಇಲ್ಲ.

ಅದೇ ಲೆಕ್ಕದಲ್ಲಿ ತಾಪಮಾನವನ್ನೂ ನೋಡಿ, ಸಾವಿರ ಡಿಗ್ರಿ ಎಲ್ಲೋ ಹಿಂದೆ ಉಳಿಯುತ್ತದೆ. ಉಕ್ಕು ಶಾಖ ಎಳೆದುಕೊಳ್ಳುವುದರಿಂದ ಡೈಯಲ್ಲಿ ಅಷ್ಟು ಬರುವುದಿಲ್ಲ, ಆದರೆ ನೈಲಾನ್ ಸುಡಲು ಬೇಕಾದಷ್ಟು ಬರುತ್ತದೆ. ಡೀಸೆಲ್ ಇಂಜಿನ್ ಹೊತ್ತಿಕೊಳ್ಳುವುದೂ ಹೀಗೆಯೇ. ನಿಮ್ಮ ರಿಬ್ ತುದಿಯ ಕರಕಲು ಅದೇ.

ಆದ್ದರಿಂದ ಎಲ್ಲವನ್ನೂ ಆಫ್ ಮಾಡಿ. ಒಂದೊಂದನ್ನೇ ಆನ್ ಮಾಡುತ್ತಾ ಬನ್ನಿ, ಪ್ರತಿ ಸಲ ಎಷ್ಟು ಎಂಪಿಎ ಬದಲಾಯಿತು ಎಂದು ಬರೆದಿಡಿ. ಅದಕ್ಕೂ ಮುಂಚೆ ಮಷೀನ್ ಹತ್ತಿರ ಹೋಗಿ ಮೂರು ಕೆಲಸ ಮಾಡಿ.

ಏರ್ ಶಾಟ್ ಹೊಡೆದು ನೋಡಿ. ನಾಝಲ್ ಹಿಂದಕ್ಕೆ ಸರಿಸಿ, ಗಾರ್ಡ್ ಮುಚ್ಚಿ, ಅದೇ ಸ್ಪೀಡ್, ಅದೇ ಸ್ಟ್ರೋಕ್. ಬರೀ ನಾಝಲ್ ದಾಟಲು ಎಷ್ಟು ಪ್ರೆಶರ್ ತಿನ್ನುತ್ತದೆ ಎಂಬುದು ಗೊತ್ತಾಗುತ್ತದೆ. ನಿಮ್ಮ ಮಾಡೆಲ್ ಸ್ಪ್ರೂ (ನಾಝಲ್‌ನಿಂದ ಮಾಲು ಡೈಗೆ ಇಳಿಯುವ ದಾರಿ) ಬಾಯಿಂದ ಶುರುವಾಗುತ್ತದೆ, ಮಷೀನಿನ ಲೆಕ್ಕ ಸ್ಕ್ರೂ ತುದಿಯಿಂದ ಶುರುವಾಗುತ್ತದೆ. ನಡುವಿನ ನಾಝಲ್ ಮಷೀನಿನ ಅಂಕಿಯಲ್ಲಿದೆ, ನಿಮ್ಮ ಲೆಕ್ಕದಲ್ಲಿ ಇಲ್ಲ. ಎರಡನೆಯದು, ಸ್ಕ್ರೂ ಪೊಸಿಶನ್ ಮತ್ತು ಸ್ಪೀಡ್ ಗ್ರಾಫ್ ಎತ್ತಿಕೊಳ್ಳಿ. ಸೆಟ್ ಮಾಡಿದ ಸ್ಪೀಡ್ ಬೇಡ, ನಿಜವಾಗಿ ಓಡಿದ ಸ್ಪೀಡ್. ಆಮೇಲೆ 60%, 80%, 95%ಗೆ ಶಾರ್ಟ್ ಶಾಟ್ (ಬೇಕೆಂದೇ ಪೂರ್ತಿ ತುಂಬದೆ ನಿಲ್ಲಿಸಿದ ಪಾರ್ಟು) ತೆಗೆದು ಮೇಜಿನ ಮೇಲೆ ಸಾಲಾಗಿ ಇಡಿ. ಪಕ್ಕದಲ್ಲಿ ಸ್ಕ್ರೀನ್ ಇಡಿ. ಫ್ರಂಟ್‌ನ ಆಕಾರವೇ ಕೂಡುತ್ತಿಲ್ಲ ಎಂದಾದರೆ ಪ್ರೆಶರ್ ಅಂಕಿ ಹಿಡಿದು ಜಗಳಾಡಿ ಉಪಯೋಗವಿಲ್ಲ.

ನಾನು ಈ ಕೆಲಸಕ್ಕೆ ಬಂದಾಗ 3ಡಿ ಇರಲಿಲ್ಲ, ಮಿಡ್‌ಪ್ಲೇನ್ ಮೆಶ್ (ಪಾರ್ಟಿನ ದಪ್ಪದ ನಡುವಿನ ಒಂದು ಹಾಳೆಯನ್ನು ತುಂಡು ತುಂಡಾಗಿ ಬಿಡಿಸಿದ್ದು). ನಮಗೂ ಹಿಂದಿನವರು ಪಾರ್ಟನ್ನು ಡಬ್ಬಿ ಬಿಡಿಸಿದ ಹಾಗೆ ಕಾಗದದ ಮೇಲೆ ಚಪ್ಪಟೆ ಬಿಡಿಸಿಟ್ಟು ದಾರಿ ದಾರಿಗೆ ಲೆಕ್ಕ ಹಾಕುತ್ತಿದ್ದರು. 1978ರಲ್ಲಿ ಆಸ್ಟ್ರೇಲಿಯಾದಲ್ಲಿ ಕಾಲಿನ್ ಆಸ್ಟಿನ್ ಮೋಲ್ಡ್‌ಫ್ಲೋ ಶುರು ಮಾಡಿದ ಕಾಲದ ಪದ್ಧತಿ ಅದು. ಆಗಲೂ ಶಾರ್ಟ್ ಶಾಟ್ ಮೇಜಿನ ಮೇಲೆ ಇಟ್ಟೇ ನಂಬುತ್ತಿದ್ದದ್ದು.


ನೈಟ್‌ಶಿಫ್ಟ್_ಸೆಟ್ಟರ್:

ನಾನು ಸಾಫ್ಟ್‌ವೇರ್ ಮುಟ್ಟಿದವನಲ್ಲ, ಮಷೀನ್ ಮುಂದೆ ನಿಲ್ಲೋನು. ಹಳಬರು ಹೇಳಿದ ಸ್ಪೀಡ್ ಗ್ರಾಫ್ ವಿಷಯಕ್ಕೆ ಒಂದು ಮಾತು ಸೇರಿಸ್ತೀನಿ.

ಅನಾಲಿಸಿಸ್ ರಿಪೋರ್ಟಲ್ಲಿ "ಫಿಲ್ ಟೈಮ್ 0.9 ಸೆಕೆಂಡ್" ಅಂತ ಬರೆದು ಕಳಿಸ್ತಾರೆ. ನಾವು ಸ್ಕ್ರೂ ಸ್ಪೀಡ್ ಸೆಕೆಂಡಿಗೆ 90 ಮಿ.ಮೀ. ಹಾಕ್ತೀವಿ. ಸ್ಕ್ರೂ ಏನು ಬಟನ್ ಒತ್ತಿದ ತಕ್ಷಣ 90ಕ್ಕೆ ಹಾರುತ್ತಾ? ಮೊದಲ 12-15 ಮಿ.ಮೀ. ಬರೀ ವೇಗ ಹಿಡಿಯೋದರಲ್ಲೇ ಹೋಗುತ್ತೆ. ಅದರ ಮೇಲೆ ಮುಂದಿರೋ ಕರಗಿದ ಮಾಲು ಸ್ಪಂಜಿನ ಥರ ಒತ್ತಿಕೊಳ್ಳುತ್ತೆ, ಸ್ಕ್ರೂ ಸರಿದಷ್ಟೂ ಮಾಲು ಹೊರಗೆ ಹೋಗಲ್ಲ. ಚೆಕ್ ರಿಂಗ್ (ಮಾಲು ಹಿಂದೆ ಹೋಗದಂತೆ ತಡೆಯೋ ಉಂಗುರ) ಸವೆದಿದ್ರೆ ಒಂದಷ್ಟು ಹಿಂದಕ್ಕೂ ಜಾರುತ್ತೆ. ಕೊನೆಗೆ 90 ಹಾಕಿದ್ರೆ ನೋಡೋಕೆ ಸಿಗೋದು 78-80.

ಹಳೇ ಮಷೀನಿಗೂ ಹೊಸ ಸರ್ವೋ ಮಷೀನಿಗೂ ಇದರಲ್ಲಿ ಅಜಗಜಾಂತರ. ಅದೇ ಡೈ, ಅದೇ ಸೆಟ್ಟಿಂಗ್, ಬೇರೆ ಮಷೀನು, ಬೇರೆ ಪಾರ್ಟು. ಮಷೀನ್ ರೆಸ್ಪಾನ್ಸ್ ಅಂತ ಸಾಫ್ಟ್‌ವೇರಲ್ಲಿ ಬಂದಿದೆ ಅಂದ್ರೆ ಒಳ್ಳೇದೇ, ಆದ್ರೆ ಯಾವ ಮಷೀನ್ ಅಂತ ನಮ್ಮನ್ನು ಕೇಳಿ ಹಾಕಿ. ಲಿಸ್ಟಲ್ಲಿ ಮೊದಲು ಕಂಡ ಮಷೀನ್ ಆರಿಸಬೇಡಿ.

ಇನ್ನೊಂದು: ಬ್ಯಾರೆಲ್ 290 ಅಂತ ಸೆಟ್ ಇದ್ರೆ ಮಾಲು 290 ಅಂತ ಅಲ್ಲ. ಪರ್ಜ್ ಮಾಡಿದ (ಡೈಗೆ ಹೋಗದೆ ಹೊರಗೆ ಬಿಟ್ಟ) ಮುದ್ದೆಗೆ ಸೂಜಿ ಪ್ರೋಬ್ ಚುಚ್ಚಿ ನೋಡಿ. ಪ್ರೋಬನ್ನ ಮೊದಲೇ ಬಿಸಿ ಮಾಡಿಟ್ಕೊಳ್ಳಿ, ಇಲ್ಲಾಂದ್ರೆ ಕಮ್ಮಿ ತೋರಿಸುತ್ತೆ.


ಮೆಶ್‌ಮನೆ:

ಹಳಬರೇ, ಪಂದ್ಯ ನೀವೇ ಗೆದ್ರಿ. ವೆಂಟ್ ಒಂದೂ ಗುರುತಿಸಿರಲಿಲ್ಲ. ಟಿಕ್ ಹಾಕಿದ್ರೆ ಅದೇ ಡ್ರಾಯಿಂಗ್ ನೋಡಿ ಕಂಡುಹಿಡಿಯುತ್ತೆ ಅಂದ್ಕೊಂಡಿದ್ದೆ, ನಗಬೇಡಿ.

92ರ ಬಗ್ಗೆ: ಪರದೆ ಮೇಲೆ ಹೈಡ್ರಾಲಿಕ್ 96 ಬಾರ್, ಮಷೀನ್ ಪುಸ್ತಕದಲ್ಲಿ ಈ ಸ್ಕ್ರೂಗೆ ರೇಶಿಯೋ 9.6. ಗುಣಿಸಿದ್ರೆ 921 ಬಾರ್ ಚಿಲ್ಲರೆ, ಅಂದ್ರೆ 92 ಎಂಪಿಎ. ಸ್ಕ್ರೂ ಮೂಲದ್ದೇ, ಬದಲಾಯಿಸಿಲ್ಲ ಅಂತ ಮೇಂಟೆನೆನ್ಸ್‌ನವರನ್ನೂ ಕೇಳಿ ಖಾತ್ರಿ ಮಾಡ್ಕೊಂಡೆ.

ನನಗಿದ್ದ ಇನ್ನೊಂದು ಅನುಮಾನ ಮಾಲಿನ ತೇವ. ನೈಲಾನ್ ಸರಿಯಾಗಿ ಒಣಗಿರಲಿಲ್ಲವೇನೋ ಅಂತ. ಗುರುವಾರ ಟ್ರಯಲ್ ಇದೆ, ಏರ್ ಶಾಟ್ ಹೊಡೆದು ಬಂದು ಹೇಳ್ತೀನಿ.


ಗ್ಲಾಸ್30:

ತೇವದ ಅನುಮಾನವನ್ನು ಬಿಟ್ಟುಬಿಡಿ. ಒದ್ದೆ ನೈಲಾನ್ 66 ಬ್ಯಾರೆಲ್ಲಿನ ಶಾಖದಲ್ಲಿ ಹೈಡ್ರಾಲಿಸಿಸ್‌ಗೆ ಒಳಗಾಗಿ ಅದರ ಸರಪಳಿಗಳು ತುಂಡಾಗುತ್ತವೆ, ಮೆಲ್ಟ್ ತೆಳ್ಳಗಾಗುತ್ತದೆ. ಆಗ ಮಷೀನಿನ ಪ್ರೆಶರ್ ಲೆಕ್ಕಕ್ಕಿಂತ ಕಡಿಮೆ ಬರಬೇಕಿತ್ತು. ನಿಮ್ಮಲ್ಲಿ ಹೆಚ್ಚು ಬಂದಿದೆ. ಕಾಯಿಲೆಯ ದಿಕ್ಕೇ ಬೇರೆ.

ಮಟೀರಿಯಲ್ ಡೇಟಾ ತೆರೆದು ನೋಡಿ. ಸ್ನಿಗ್ಧತೆಗೆ ಕ್ರಾಸ್-ಡಬ್ಲ್ಯುಎಲ್ಎಫ್ ಸಮೀಕರಣದ ಏಳು ಗುಣಾಂಕಗಳು ಇರುತ್ತವೆ. ಅದರಲ್ಲಿ ಡಿ3 ಎಂಬುದು ಪ್ರೆಶರ್ ಏರಿದಂತೆ ಮೆಲ್ಟ್ ಎಷ್ಟು ಗಟ್ಟಿಯಾಗುತ್ತದೆ ಎಂಬುದನ್ನು ಹೇಳುತ್ತದೆ. ಲೈಬ್ರರಿಯಲ್ಲಿರುವ ಬಹಳಷ್ಟು ಗ್ರೇಡುಗಳಲ್ಲಿ ಅದು ಸೊನ್ನೆ. ಪರೀಕ್ಷೆ ಮಾಡಿ ಸೊನ್ನೆ ಬಂದದ್ದಲ್ಲ, ಪರೀಕ್ಷೆಯನ್ನೇ ಮಾಡಿಲ್ಲ. ಜಂಕ್ಚರ್ ಲಾಸ್ ಗುಣಾಂಕಗಳೂ ಹಾಗೆಯೇ: ದಪ್ಪ ಜಾಗದಿಂದ ಕಿರಿದಾದ ಜಾಗಕ್ಕೆ ಮೆಲ್ಟ್ ನುಗ್ಗುವಾಗ ಆಗುವ ನಷ್ಟ. ರನ್ನರನ್ನು ಬೀಮ್ ಎಲಿಮೆಂಟ್ (ಅಡ್ಡಳತೆ ಮಾತ್ರ ಹೇಳಿದ ಗೆರೆ) ಆಗಿ ಹಾಕಿದ್ದರೆ ಇದು ಮುಖ್ಯ. ಸಪ್ಲೈಯರ್ ಹತ್ತಿರ ಪೂರ್ತಿ ಪರೀಕ್ಷೆಯ ಡೇಟಾ ಇದ್ದರೆ ತರಿಸಿಕೊಳ್ಳಿ. ಡಿ3 ಒಂದನ್ನೇ ಬೇರೆ ಗ್ರೇಡಿನಿಂದ ಎರವಲು ತಂದು ಕೈಯಾರೆ ಟೈಪ್ ಮಾಡಬೇಡಿ, ಏಳೂ ಒಟ್ಟಿಗೆ ಫಿಟ್ ಆದವು.

ನೀವು ಕೇಳದ ವಿಷಯ ಒಂದಿದೆ, ಆದರೆ ನಾಳೆ ಕೇಳುತ್ತೀರಿ, ಈಗಲೇ ಹೇಳುತ್ತೇನೆ: ವಾರ್ಪೇಜ್, ಅಂದರೆ ಪಾರ್ಟು ತಣ್ಣಗಾದಾಗ ಬಾಗುವುದು. ಹೊಸ ವರ್ಷನ್‌ಗಳಲ್ಲಿ ನನಗೆ ನಿಜಕ್ಕೂ ಬೆಲೆಯುಳ್ಳದ್ದು ಎನ್ನಿಸಿದ್ದು ಫೈಬರ್ ಓರಿಯಂಟೇಶನ್ ಮಾಡೆಲ್‌ಗಳು. 1984ರ ಫೋಲ್ಗರ್-ಟಕ್ಕರ್ ಮಾಡೆಲ್ ಗ್ಲಾಸ್ ಎಳೆಗಳನ್ನು ತೀರಾ ಬೇಗ ಸಾಲು ನಿಲ್ಲಿಸಿಬಿಡುತ್ತದೆ. ಗೇಟಿನಿಂದ ನಾಲ್ಕು ಹೆಜ್ಜೆ ಹೋಗುವಷ್ಟರಲ್ಲಿ ಎಲ್ಲಾ ಎಳೆಗಳೂ ಕವಾಯತಿಗೆ ನಿಂತ ಹಾಗೆ ಕಾಣುತ್ತವೆ. ನಿಜವಾದ ಪಾರ್ಟಿನಲ್ಲಿ ಅವು ಅಷ್ಟು ಚುರುಕಲ್ಲ. ಆರ್‌ಎಸ್‌ಸಿ ಎಂದು ಇರುವ ಆಯ್ಕೆ ಆ ವೇಗಕ್ಕೆ ಲಗಾಮು ಹಾಕುತ್ತದೆ. ಉದ್ದ ಎಳೆಯ ಮಾಲಿಗೆ ಎಆರ್‌ಡಿ ಎಂಬ ಇನ್ನೊಂದು ಮಾಡೆಲ್ ಜೊತೆಗಿರುವುದನ್ನು ನೋಡಿ, ನಿಮ್ಮದು ಗಿಡ್ಡ ಎಳೆ, ಆರ್‌ಎಸ್‌ಸಿ ಸಾಕು.

ಒಂದು ಪಾರ್ಟನ್ನು ಕತ್ತರಿಸಿ, ಅಂಚನ್ನು ಪಾಲಿಶ್ ಮಾಡಿ ಮೈಕ್ರೋಸ್ಕೋಪಿನಲ್ಲಿ ನೋಡಿ. ಮೋಲ್ಡ್ ಗೋಡೆಗೆ ತಾಗಿದ ಹೊರ ಪದರದ ಹತ್ತಿರ ಎಳೆಗಳು ಹರಿವಿನ ದಿಕ್ಕಿಗೆ ಮಲಗಿರುತ್ತವೆ, ನಟ್ಟನಡುವೆ ಅಡ್ಡಡ್ಡ. ಆ ನಡುವಿನ ಪಟ್ಟಿ ಎಷ್ಟು ಅಗಲ ಎಂಬುದೇ ನಿಮ್ಮ ಮುಚ್ಚಳ ಯಾವ ಕಡೆಗೆ ಬಾಗುತ್ತದೆ ಎಂದು ತೀರ್ಮಾನಿಸುವುದು. ಸ್ಕ್ರೀನಿನಲ್ಲಿ ಆ ಪಟ್ಟಿ ತೆಳ್ಳಗೆ, ಮೈಕ್ರೋಸ್ಕೋಪಿನಲ್ಲಿ ಅಗಲ ಕಂಡರೆ ಮಾಡೆಲ್ ಬದಲಿಸಿ. ದಪ್ಪದ ಅಡ್ಡಕ್ಕೆ ಹತ್ತು ಹನ್ನೆರಡು ಪದರ ಮೆಶ್ ಇಲ್ಲದಿದ್ದರೆ ಯಾವ ಮಾಡೆಲ್ಲಿಗೂ ಆ ಪಟ್ಟಿ ಕಾಣುವುದೇ ಇಲ್ಲ.

ಇನ್ನು ಅಳತೆ. ಸಾಫ್ಟ್‌ವೇರ್ ಹೇಳುವುದು ಒಣಗಿದ ಪಾರ್ಟಿನ ಬಾಗು. ನೈಲಾನ್ ಗಾಳಿಯಲ್ಲಿನ ತೇವ ಕುಡಿದು ಹಿಗ್ಗುತ್ತದೆ. ವಾರ ಗಟ್ಟಲೆ ಟ್ರೇಯಲ್ಲಿ ಬಿದ್ದಿದ್ದ ಪಾರ್ಟನ್ನು ಅಳೆದು ಹೋಲಿಸಿದರೆ ನೀವು ಎರಡು ಬೇರೆ ವಸ್ತುಗಳನ್ನು ಹೋಲಿಸುತ್ತಿದ್ದೀರಿ. ಡೈಯಿಂದ ಬಿದ್ದ ಪಾರ್ಟು ತಣ್ಣಗಾದ ಮೇಲೆ ಗಾಳಿಯಾಡದ ಚೀಲಕ್ಕೆ ಹಾಕಿಡಿ.


ಹೊಸ_ಡಿಸೈನರ್:

ಮಧ್ಯೆ ಬಾಯಿ ಹಾಕ್ತಿದ್ದೀನಿ, ಕ್ಷಮಿಸಿ. ಎಐ ಗೇಟ್ ಸಜೆಶನ್ ಮತ್ತೆ ಜಿಪಿಯು ಬಗ್ಗೆ ಯಾರೂ ಮಾತಾಡ್ಲಿಲ್ಲ. ಕಾಲೇಜು ಮುಗಿಸಿ ಈಗಷ್ಟೇ ಸೇರಿದೀನಿ, ನನ್ನ ಸೀನಿಯರ್ ಎರಡನ್ನೂ "ಅದೆಲ್ಲಾ ಬೂಟಾಟಿಕೆ" ಅಂತಾರೆ. ಹೌದಾ?


ಟೂಲ್‌ರೂಮ್_ಹಳಬ:

ಜಿಪಿಯು ಬೂಟಾಟಿಕೆ ಅಲ್ಲಪ್ಪ. 3ಡಿ ಸಾಲ್ವರ್‌ಗೆ ಅದು ನಿಜವಾಗಿ ವೇಗ ಕೊಡುತ್ತದೆ. ಒಂದೇ ಎಚ್ಚರಿಕೆ, ಎಲ್ಲಾ ಫೀಚರ್‌ಗಳೂ ಕಾರ್ಡಿನ ಮೇಲೆ ಓಡುವುದಿಲ್ಲ, ಮತ್ತು ಕಾರ್ಡಿನ ಮೆಮೊರಿಗಿಂತ ಮೆಶ್ ದೊಡ್ಡದಾದರೆ ಲಾಭವೆಲ್ಲ ಸೋರಿಹೋಗುತ್ತದೆ. ಕಾರ್ಡ್ ತರಿಸುವ ಮೊದಲು ನಿನ್ನ ಅತಿ ದೊಡ್ಡ ಮೆಶ್ ಎಷ್ಟು ಮೆಮೊರಿ ತಿನ್ನುತ್ತದೆ ನೋಡಿಕೋ.

ಎಐ ಬಗ್ಗೆ ಒಂದು ಘಟನೆ. ಒಂದು ಕವರಿಗೆ ಗೇಟ್ ಜಾಗ ಕೇಳಿದೆವು. ಹರಿವಿನ ದೂರ ಎಲ್ಲಾ ಕಡೆ ಸಮ, ಪ್ರೆಶರ್ ಕಡಿಮೆ, ಅಚ್ಚುಕಟ್ಟಾದ ಉತ್ತರ ಕೊಟ್ಟಿತು: ಮುಖದ ನಟ್ಟನಡುವೆ, ಲೋಗೋ ಬರುವ ಜಾಗದಲ್ಲಿ. ಲೆಕ್ಕದಲ್ಲಿ ತಪ್ಪೇನೂ ಇರಲಿಲ್ಲ. ಆ ಮುಖ ಗಿರಾಕಿಗೆ ಕಾಣುವ ಮುಖ ಎಂದು ನಾವು ಅದಕ್ಕೆ ಹೇಳಿರಲಿಲ್ಲ. ಸ್ಲೈಡರ್ ಎಲ್ಲಿ, ಎಜೆಕ್ಟರ್ ಎಲ್ಲಿ, ಗೇಟ್ ಕತ್ತರಿಸುವವನ ಕೈ ಎಲ್ಲಿಗೆ ತಲುಪುತ್ತದೆ, ಇದನ್ನೆಲ್ಲ ನಿಷೇಧಿತ ಜಾಗ ಎಂದು ಬಣ್ಣ ಹಚ್ಚಿ ಕೊಟ್ಟ ಮೇಲೆ ಕೇಳಿದರೆ ಪರವಾಗಿಲ್ಲ. ನಾಲ್ಕು ಪ್ಯಾರಾಮೀಟರ್ ಇಟ್ಟುಕೊಂಡು ಡಿಒಇ (ಅವನ್ನು ಕ್ರಮವಾಗಿ ಬದಲಿಸಿ ನೋಡುವ ರನ್‌ಗಳು) ಓಡಿಸಿ, ಆ ಉತ್ತರಗಳ ಮೇಲೆ ಒಂದು ಚಿಕ್ಕ ಮಾಡೆಲ್ ಕಲಿಸಿ, ನಡುವಿನ ಸೆಟ್ಟಿಂಗ್‌ಗಳನ್ನು ತಕ್ಷಣ ಊಹಿಸುವುದಿದೆಯಲ್ಲ, ಅದು ಒಳ್ಳೆಯ ಬಳಕೆ. ಓಡಿಸಿದ ಎಲ್ಲೆಯ ಆಚೆಗೆ ಮಾತ್ರ ಊಹಿಸಲು ಬಿಡಬೇಡ.

ನಿನ್ನ ಸೀನಿಯರ್‌ಗೆ ಇದನ್ನು ನಾನು ಹೇಳಿದೆ ಅಂತ ಹೇಳಬೇಡ.


ಮೆಶ್‌ಮನೆ:

ಗುರುವಾರದ ಟ್ರಯಲ್ ಆಯ್ತು. ಶುಕ್ರವಾರ, ಶನಿವಾರ ರನ್ ಮೇಲೆ ರನ್. ಕ್ರಮವಾಗಿ ಹೇಳ್ತೀನಿ, ಕೊನೆಗೆ ಒಂದು ತಮಾಷೆ ಇದೆ.

ಏರ್ ಶಾಟ್: 19 ಎಂಪಿಎ. ಬರೀ ನಾಝಲ್ ದಾಟೋಕೆ! 92ರಲ್ಲಿ ಇದನ್ನ ಕಳೆದ್ರೆ ಡೈ ಪಾಲಿಗೆ ಉಳಿಯೋದು 73. ಅಂದ್ರೆ ನನ್ನ 61ಕ್ಕೂ ಮಷೀನಿಗೂ ಇದ್ದ ಜಗಳ 31 ಅಲ್ಲ, 12.

ಸಪ್ಲೈಯರ್ ಒಂದೇ ದಿನದಲ್ಲಿ ಪೂರ್ತಿ ಡೇಟಾ ಕಳಿಸಿದ್ರು, ಡಿ3 ಸಮೇತ. ಗ್ಲಾಸ್30 ಸರ್ ಹೇಳಿದ ಹಾಗೆ ಲೈಬ್ರರಿಯದರಲ್ಲಿ ಸೊನ್ನೆನೇ ಇತ್ತು. ಹೊಸ ಡೇಟಾ, ಜಂಕ್ಚರ್ ಲಾಸ್ ಎರಡೂ ಸೇರಿ 61 ಇದ್ದದ್ದು 66 ಆಯ್ತು. ಸೂಜಿ ಪ್ರೋಬಲ್ಲಿ ಮೆಲ್ಟ್ 291 ಬಂತು, ಆ ಕಡೆ ಏನೂ ತಕರಾರಿಲ್ಲ.

ಖುಷಿಯಾಗಿ ಮಷೀನ್ ರೆಸ್ಪಾನ್ಸ್ ಆನ್ ಮಾಡಿದೆ. ಲೈಬ್ರರಿಯ ಮಷೀನ್ ಬಿಟ್ಟು ನಿಜವಾದ ಸ್ಪೀಡ್ ಗ್ರಾಫನ್ನೇ ಹಾಕಿದೆ. ಸೆಟ್ 90, ಗರಿಷ್ಠ 79 ಮುಟ್ಟಿದ್ದು, ತುಂಬೋಕೆ ಹಿಡಿದದ್ದು 1.12 ಸೆಕೆಂಡ್. ಪ್ರೆಶರ್ ಏರುತ್ತೆ ಅಂತ ಕಾಯ್ತಾ ಕೂತಿದ್ದೆ. ಇಳೀತು! 66 ಇದ್ದದ್ದು 63. ಆಮೇಲೆ ತಲೆಗೆ ಹೋಯ್ತು, ನಿಧಾನ ತಳ್ಳಿದ್ರೆ ಪ್ರೆಶರ್ ಕಮ್ಮಿನೇ ತಾನೆ ಬರಬೇಕು. ಮಷೀನ್ ತೋರಿಸ್ತಿದ್ದ ಅಂಕಿಗೆ ಹತ್ತಿರ ಬರಲಿ ಅಂತ ಹಾಕಿದ ಫೀಚರ್ ದೂರ ಕರ್ಕೊಂಡು ಹೋಯ್ತು. ಆದ್ರೆ ಸುಳ್ಳು ಹೇಳ್ತಿದ್ದದ್ದು ಹಳೇ 0.9 ಸೆಕೆಂಡೇ. ಅದನ್ನ ವಾಪಸ್ ಹಾಕೋಕೆ ಮನಸ್ಸು ಬರಲಿಲ್ಲ, 63ನ್ನೇ ಇಟ್ಕೊಂಡೆ.

ಈಗ 10 ಎಂಪಿಎ ಬಾಕಿ. ಶಾರ್ಟ್ ಶಾಟ್‌ಗಳನ್ನ ಮೇಜಿನ ಮೇಲೆ ಸಾಲಾಗಿ ಇಟ್ಟಿದ್ವಿ. 60%, 80% ಎರಡೂ ಸ್ಕ್ರೀನಿಗೆ ಕನ್ನಡಿ ಹಿಡಿದ ಹಾಗೆ. ಹರಿವಿನ ಆಕಾರ ಸರಿ, ಪ್ರೆಶರ್ ಮಾತ್ರ ಕಮ್ಮಿ. ಹಾಗಾದ್ರೆ ನಷ್ಟ ಪಾರ್ಟಿನೊಳಗೆ ಅಲ್ಲ, ಅದಕ್ಕೂ ಮುಂಚೆ ಎಲ್ಲೋ. ಶನಿವಾರ ಮಧ್ಯಾಹ್ನ ಡೈ ಇಳಿಸಿದಾಗ ಸುಮ್ನೆ ಪಿನ್ ಗೇಜ್ ತಗೊಂಡು ಗೇಟಿಗೆ ಹಾಕಿ ನೋಡಿದೆ. 1.0 ಮಿ.ಮೀ. ಹೋಗಲಿಲ್ಲ. 0.9 ಹೋಗಲಿಲ್ಲ. 0.8 ನಯವಾಗಿ ಕೂತ್ಕೊಂಡ್ತು. ನಾಲ್ಕೂ ಗೇಟ್ ಅಷ್ಟೇ.

ನನ್ನ ಮಾಡೆಲ್‌ನಲ್ಲಿ ಗೇಟ್ 1.0. ಡ್ರಾಯಿಂಗಲ್ಲೂ 1.0. ಟೂಲ್ ರೂಮಿಗೆ ಹೋಗಿ ಕೇಳಿದ್ರೆ "ಸ್ಟೀಲ್ ಸೇಫ್ ಇಟ್ಟಿದ್ವಲ್ಲ, ಟ್ರಯಲ್ ನೋಡ್ಕೊಂಡು ತೆರೆಯೋಣ ಅಂತ. ಯಾರೂ ಬಂದು ತೆರೀರಿ ಅನ್ನಲಿಲ್ಲ" ಅಂದ್ರು. ಅವರ ಮಾತು ನ್ಯಾಯವಾದದ್ದೇ. ಉಕ್ಕು ತೆಗೆಯೋದು ಸುಲಭ, ತೆಗೆದದ್ದನ್ನ ಮತ್ತೆ ಅಂಟಿಸೋದು ಕಷ್ಟ. ತೆರೆಯಿರಿ ಅಂತ ಹೇಳಬೇಕಾದವನು ನಾನು, ನಾನಿಲ್ಲಿ ಟಿಕ್ ಬಾಕ್ಸ್ ಹಾಕ್ತಾ ಕೂತಿದ್ದೆ.

ಮಾಡೆಲ್‌ನಲ್ಲಿ ಗೇಟ್ 0.8 ಮಾಡಿ, ಅಲ್ಲಿ ಮೆಶ್ ಪದರ ಜಾಸ್ತಿ ಮಾಡಿ ಓಡಿಸಿದೆ. 69. ಡೈ ಪಾಲಿನ 73ಕ್ಕೆ ನಾಲ್ಕು ಕಮ್ಮಿ. ಆ ನಾಲ್ಕನ್ನ ನಾನು ಹುಡುಕೋಕೆ ಹೋಗಲ್ಲ.

ಇನ್ನು ಕರಕಲು. ವೆಂಟ್ ಎಲ್ಲಾ ಗುರುತಿಸಿ, ಪಾರ್ಟಿಂಗ್ ಲೈನಿನಲ್ಲಿ ನಿಜವಾಗಿ ಇರೋ 0.02 ಮಿ.ಮೀ. ಆಳ, ಪಿನ್ ಸಂದುಗಳು, ಎಲ್ಲಾ ಹಾಕಿ ವೆಂಟಿಂಗ್ ಆನ್ ಮಾಡಿದೆ. 118 ಎಲ್ಲೂ ಇಲ್ಲ, ಶಾರ್ಟ್ ಇಲ್ಲ. ಗಾಳಿ ಪ್ರೆಶರ್ ಎಲ್ಲಾ ಕಡೆ ತಣ್ಣಗೆ ನೀಲಿ, ಒಂದೇ ಒಂದು ಕಡೆ ಕೆಂಪು: ಗೇಟಿನಿಂದ ದೂರದ ಐದನೇ ರಿಬ್ಬಿನ ತುದಿ. ಪಾರ್ಟ್ ಕೈಲಿ ಹಿಡ್ಕೊಂಡು ನೋಡಿದ್ರೆ ಕರಕಲೂ ಅಲ್ಲೇ. ಆ ರಿಬ್ ಮಾತ್ರ ಸಂದಿಲ್ಲದ ಇಡೀ ಉಕ್ಕಿನಲ್ಲಿ ಕೊರೆದದ್ದು, ಉಳಿದ ಏಳು ಇನ್ಸರ್ಟ್ ಸಂದಿನ ಮೇಲೆ ಬರ್ತವೆ. ಡ್ರಾಯಿಂಗನ್ನ ಹತ್ತು ಸಲ ನೋಡಿದ್ದೆ, ಕಣ್ಣಿಗೆ ಬಿದ್ದಿರಲಿಲ್ಲ. ಈ ಒಂದು ಫೀಚರ್‌ಗೋಸ್ಕರ ಅಪ್‌ಗ್ರೇಡ್ ಸಾರ್ಥಕ ಅನ್ನಿಸ್ತು.

ಟ್ರಾನ್ಸಿಯೆಂಟ್ ಕೂಲಿಂಗ್ ಆಫ್ ಮಾಡಿದೆ. ರಾತ್ರಿಯೆಲ್ಲಾ ಓಡಿದ್ದು ಬಹುಪಾಲು ಅದರಿಂದಲೇ. ನಮ್ಮ ಡೈಯಲ್ಲಿ ನೆಟ್ಟಗೆ ಕೊರೆದ ನೀರಿನ ದಾರಿ, ಮೋಲ್ಡ್ ಬಿಸಿ ಮಾಡಿ ತಣ್ಣಗೆ ಮಾಡೋ ಆಟ ಏನೂ ಇಲ್ಲ. ಸೈಕಲ್ ಸರಾಸರಿಯ ಹಳೇ ಲೆಕ್ಕಕ್ಕೂ ಅದಕ್ಕೂ ಮೋಲ್ಡ್ ಮೇಲ್ಮೈ ತಾಪದಲ್ಲಿ ಎರಡು ಡಿಗ್ರಿ ವ್ಯತ್ಯಾಸ ಬಂತು, ಅಷ್ಟೇ. ಫೈಬರ್‌ಗೆ ಆರ್‌ಎಸ್‌ಸಿ ಇಟ್ಟಿದ್ದೀನಿ, ಪಾರ್ಟ್ ಚೀಲದಲ್ಲಿದೆ, ಅಳತೆ ಇನ್ನೂ ಆಗಿಲ್ಲ.

ಐದನೇ ರಿಬ್ಬಿಗೆ ಇನ್ಸರ್ಟ್ ಹಾಕೋದು, ಗೇಟ್ 1.0ಕ್ಕೆ ತೆರೆಯೋದು, ಎರಡಕ್ಕೂ ಡೈ ಟೂಲ್ ರೂಮಿಗೆ ಹೋಗಿದೆ. ಬುಧವಾರ ಮತ್ತೆ ಟ್ರಯಲ್.


ನೈಟ್‌ಶಿಫ್ಟ್_ಸೆಟ್ಟರ್:

ನಾಝಲ್ 19 ತಿಂತಿದೆ ಅಂದ್ರೆ ಬುಧವಾರಕ್ಕೆ ಮುಂಚೆ ನಾಝಲ್ ತುದಿ ಬಿಚ್ಚಿ ನೋಡಿ. ಗ್ಲಾಸ್ ಮಾಲಿಗೆ ಅಷ್ಟು ಜಾಸ್ತಿ ಅನ್ಸುತ್ತೆ. ಒಳಗೆ ಹಳೇ ಮಾಲು ಕಪ್ಪಾಗಿ ಕಟ್ಟಿಕೊಂಡಿರುತ್ತೆ, ಇಲ್ಲಾ ಬೇರೆ ಡೈಗೆ ಹಾಕಿದ್ದ ಚಿಕ್ಕ ತೂತಿನ ತುದಿ ಹಾಗೇ ಉಳಿದಿರುತ್ತೆ.


ಟೂಲ್‌ರೂಮ್_ಹಳಬ:

ಗೇಟ್ ತೆರೆದ ಮೇಲೆ ಹಳೆಯ ಹೋಲ್ಡ್ ಟೈಮ್ (ತುಂಬಿದ ಮೇಲೆ ಒತ್ತಿ ಹಿಡಿಯುವ ಸಮಯ) ಇಟ್ಟುಕೊಂಡು ಓಡಿಸಬೇಡಿ. ಗೇಟ್ ಗಟ್ಟಿಯಾಗುವ ಸಮಯ ದಪ್ಪದ ವರ್ಗಕ್ಕೆ ಹೊಂದಿಕೊಂಡು ಹೋಗುತ್ತದೆ, 0.8ರಿಂದ 1.0 ಅಂದರೆ ಒಂದೂವರೆ ಪಟ್ಟಿಗಿಂತ ತುಸು ಹೆಚ್ಚು. ಹೋಲ್ಡ್ ಅರ್ಧರ್ಧ ಸೆಕೆಂಡ್ ಏರಿಸುತ್ತಾ ಪಾರ್ಟಿನ ತೂಕ ಬರೆದುಕೊಳ್ಳಿ, ರನ್ನರ್ ಕತ್ತರಿಸಿ ಬರೀ ಪಾರ್ಟು. ತೂಕ ಏರುವುದು ಎಲ್ಲಿ ನಿಂತಿತೋ ಅಲ್ಲಿಗೆ ಗೇಟ್ ಮುಚ್ಚಿದೆ ಎಂದು ಲೆಕ್ಕ. ವಾರ್ಪೇಜ್ ಅಳತೆಗೆ ಈಗ ಚೀಲದಲ್ಲಿರುವ ಪಾರ್ಟು ಬೇಡ, ಅದು 0.8ರ ಗೇಟಿನದು. ಬುಧವಾರದ್ದನ್ನು ಅಳೆಯಿರಿ.